ಯಾರಿಗೂ ಬೇಡದ ತೋಡು

ತೆನೆಂಗ್ ಜಾರ್ಜು ತನಗೆ ಪ್ರಿಯವಾದದ್ದನ್ನು ಪ್ರಿಯವೆಂದು ಬಾಯಿಬಿಟ್ಟು ಹೇಳುತ್ತಿರಲಿಲ್ಲ. ಹಾಗೆ ಹೇಳಿದ್ದೆಲ್ಲ ಅವಳ ಕೈತಪ್ಪಿ ಹೋಗಿತ್ತು.

ಮೊದಲ ಕೂಸಿಗೆ ಅವಳು ಹಾಡು ಕಟ್ಟಿದ್ದಳು. ಎರಡನೆಯದಕ್ಕೆ ಬೆಳ್ಳಿಯ ಕಡಗ ಮಾಡಿಸಿದ್ದಳು. ಮೂರನೆಯದನ್ನು ಎದೆಯಿಂದ ಇಳಿಸಿಯೇ ಇರಲಿಲ್ಲ. ಮೂರೂ ಹೊಸಿಲು ದಾಟಲು ಕಲಿಯುವ ಮೊದಲೇ ಮಣ್ಣು ಸೇರಿದವು. ಆಗ ಕಾನ್ಯಲೆಂಗ್ ಹೆಂಗಸರು ಅವಳ ಬಾಗಿಲಿಗೆ ಬಂದು ಕುಣಿದರು. ಮಕ್ಕಳಾಗದವರು, ಆದ ಮಕ್ಕಳನ್ನು ಕಳೆದುಕೊಂಡವರು, ನಾಚಿಕೆಯನ್ನು ಗಂಟುಕಟ್ಟಿ ಮೂಲೆಗೆಸೆದವರು ಅವರು. ತಲೆಗೆ ಸೋರೆಬುರುಡೆ ಕವುಚಿಕೊಂಡು, ಗಂಡಸರ ಹರಕು ಚಲ್ಲಣ ತೊಟ್ಟು, ಬಾಯಿಗೆ ಬಂದ ಪೋಲಿ ಹಾಡು ಹಾಡುತ್ತ ಬಂದಿದ್ದರು.

"ಎದ್ದೇಳೇ. ಸಾವಿಗೆ ನಿನ್ನ ಮನೆ ದಾರಿ ಬಾಯಿಪಾಠ ಆಗಿಬಿಟ್ಟಿದೆ. ಮನೆ ಬದಲಾಯ್ಸೋಣ ನಡಿ," ಎಂದರು.

ಅವಳಿಗೆ ಗೋಣಿಚೀಲ ಉಡಿಸಿ, ಗಂಡನ ಊರಿನಿಂದ ಬಾಫುಲೊಗೆ ಕರೆತಂದರು. ಗ್ಯಾಂಬಿಯಾ ನದಿ ಕಡಲು ಸೇರುವ ಮೊದಲು ನೂರು ತೋಡುಗಳಾಗಿ ಒಡೆದು ಉಪ್ಪುನೀರಿನ ಕಾಂಡ್ಲಾ ಕಾಡಿನೊಳಗೆ ಹೊಕ್ಕು ಹೊರಡುವ ಜಾಗ ಅದು. ಗಂಡ ಕಡಲೆಕಾಯಿ ಹೊಲ ಬಿಟ್ಟು ಬರಲಿಲ್ಲ. ಸುಗ್ಗಿ ಮುಗಿದಾಗ ಬಂದುಹೋಗುತ್ತಿದ್ದ.

ನಾಲ್ಕನೆಯದು ಹುಟ್ಟಿದ ಗಳಿಗೆಯಲ್ಲೇ ಆ ಹೆಂಗಸರು ಅದನ್ನು ಸೂಲಗಿತ್ತಿಯ ಕೈಯಿಂದ ಕಸಿದು ತಿಪ್ಪೆಯ ಮೇಲಿಟ್ಟರು. ಪಕ್ಕದ ಮನೆಯ ಫಿಲೋಮೆನ್ ಮೆಂಡಿ ಏನೂ ತಿಳಿಯದವಳ ಹಾಗೆ ಆ ದಾರಿಯಲ್ಲಿ ಬಂದು ಮೂಗು ಮುಚ್ಚಿಕೊಂಡಳು. "ಥೂ! ಯಾರ್ರೀ ಇದನ್ನ ಬಿಸಾಕಿದ್ದು? ನಮ್ಮ ಹಂದಿಗಾದ್ರೂ ಹಾಕ್ತೀನಿ ಕೊಡಿ," ಎಂದು ಎತ್ತಿಕೊಂಡಳು. ಫಿಲೋಮೆನ್ ಮಂಜಾಗೊ ಜನದವಳು, ಇಗರ್ಜಿಗೆ ಹೋಗುವವಳು, ಹಂದಿ ಸಾಕಿದವಳು. ಆ ಮಾತು ಅವಳ ಬಾಯಿಗೆ ಒಪ್ಪುತ್ತಿತ್ತು. ಕೂಸಿಗೆ ನ್ಯಾಮೊ ಎಂದು ಹೆಸರಿಟ್ಟರು, ಹುಲ್ಲು ಎಂದರ್ಥ. ಕೊರಳಿಗೆ ಹರಿದ ಚಪ್ಪಲಿಯ ಚೂರು, ಮೀನಿನ ಮೂಳೆ ಕಟ್ಟಿದರು. ಯಾರೂ ಅದನ್ನು ಚೆಂದವೆನ್ನಲಿಲ್ಲ. ತೆನೆಂಗ್ ಹಾಲೂಡುವಾಗಲೂ ಮುಖ ಅತ್ತ ತಿರುಗಿಸಿ, "ಯಾರದೋ ಪೀಡೆ, ನನ್ನ ಕೊರಳಿಗೆ ಬಿತ್ತು," ಎಂದು ಗೊಣಗುತ್ತಿದ್ದಳು. ಸಾವು ಬಂದು ಇಣುಕಿರಬೇಕು. ಇಷ್ಟೊಂದು ಬೇಡದ ವಸ್ತು ತನಗೇಕೆಂದು ಹೊರಟುಹೋಗಿರಬೇಕು. ನ್ಯಾಮೊ ಬದುಕಿದಳು.

ಅಂದಿನಿಂದ ತೆನೆಂಗಳಿಗೆ ಬೆಳಗ್ಗೆ ಕಣ್ಣು ತೆರೆದರೆ ಸಾಕು, ಯಾರಿಗೆ ಕೈ ಮುಗಿಯಲಿ ಎಂದೇ ಮೊದಲ ಯೋಚನೆ. ಹೊರಗಿನಿಂದ ನೋಡಿದವರಿಗೆ ಅವಳು ಸಿಡುಕಿ. ಒಳಗೆ ಅವಳು ತುಳುಕುವ ಕೊಡ.

ಬಾಫುಲೊ ಹೆಂಗಸರ ಕಸುಬು ಸಿಂಪಿ. ನೀರು ಇಳಿದಾಗ ಕಾಂಡ್ಲಾ ಮರಗಳು ಲಂಗ ಎತ್ತಿಕೊಂಡು ಕೆಸರಿನಲ್ಲಿ ನಿಂತ ಹೆಂಗಸರ ಹಾಗೆ ಬೇರು ತೋರಿಸುತ್ತವೆ. ಆ ಬೇರುಗಳಿಗೆ ಸಿಂಪಿ ಕಚ್ಚಿಕೊಂಡಿರುತ್ತದೆ. ಒಂದೊಂದನ್ನೇ ಬಿಡಿಸುತ್ತ ನಿಂತರೆ ಕೈಯೆಲ್ಲ ಗಾಯ, ಅಷ್ಟರಲ್ಲಿ ನೀರು ಮತ್ತೆ ಏರಿ ಸೊಂಟ ಮುಟ್ಟುತ್ತದೆ. ಆದ್ದರಿಂದ ಎಲ್ಲರೂ ಬೇರನ್ನೇ ಕತ್ತಿಯಿಂದ ಕಡಿದು, ಗೊಂಚಲು ಗೊಂಚಲಾಗಿ ದೋಣಿಗೆ ತುಂಬುತ್ತಿದ್ದರು. ದಡದಲ್ಲಿ ತಗಡಿನ ಮೇಲೆ ಸುಟ್ಟು, ಮಾಂಸ ಬಿಡಿಸಿ, ಹೆದ್ದಾರಿಯ ಪಕ್ಕ ಬಟ್ಟಲಿನಲ್ಲಿ ಅಳೆದು ಮಾರುವುದು. ಚಿಪ್ಪು ಸುಟ್ಟರೆ ಸುಣ್ಣ. ತೆನೆಂಗ್ ಹೀಗೆಯೇ ನ್ಯಾಮೊಳನ್ನು ಬೆಳೆಸಿದಳು, ಶಾಲೆಗೆ ಕಳಿಸಿದಳು. ತೋಡು ಕೊಟ್ಟಿತು, ಅವಳು ತಂದಳು. ತಾಯಿ ಮೊಲೆಯ ಹಾಗೆ ಅದು ತುಂಬಿಕೊಳ್ಳುತ್ತಲೇ ಇರುತ್ತದೆಂದು ಎಲ್ಲರೂ ನಂಬಿದ್ದರು.

ನ್ಯಾಮೊ ತಾಯಿಯ ಎತ್ತರಕ್ಕೆ ಬರುವ ಹೊತ್ತಿಗೆ ಸಿಂಪಿ ಉಗುರಿನ ಗಾತ್ರಕ್ಕೆ ಇಳಿದಿತ್ತು. ಹತ್ತಿರದ ಕಾಂಡ್ಲಾವೆಲ್ಲ ಬೋಳು. ಬೇರಿಲ್ಲದ ಮರಗಳು ಮಳೆಗಾಲದ ಗಾಳಿಗೆ ಒರಗಿ ಕೊಳೆತವು. ದೋಣಿ ಇನ್ನೂ ಒಳಗೆ, ಇನ್ನೂ ಒಳಗೆ ಹೋಗಬೇಕಾಯಿತು.

ಆ ವರ್ಷವೇ ಬಿರಾಮ್ ಜೂಫ್ ಮೋಟರ್‌ಸೈಕಲ್ ಹತ್ತಿ ಬಂದದ್ದು. ಅವನು ಮೀನುಗಾರಿಕೆ ಇಲಾಖೆಯ ನೌಕರ, ಸೆರೇರ್ ಜನದವನು. ಬಾಫುಲೊದ ಹೆಚ್ಚಿನ ಹೆಂಗಸರು ಜೋಲಾ. ಸೆರೇರರೂ ಜೋಲಾಗಳೂ ಯಾವುದೋ ಕಾಲದ ಅಕ್ಕತಂಗಿಯರ ಸಂತಾನವಂತೆ. ಅವರು ಒಬ್ಬರನ್ನೊಬ್ಬರು ಎಷ್ಟು ಹೀಯಾಳಿಸಿದರೂ ಯಾರೂ ಸಿಟ್ಟಾಗುವಂತಿಲ್ಲ. ಹೀಯಾಳಿಸದಿದ್ದರೇ ಅವಮಾನ.

"ಏನ್ರೇ ನನ್ನ ತೊತ್ತುಗಳಾ, ಒಡೆಯ ಬಂದ್ರೆ ಎದ್ದು ನಿಲ್ಲೋಕಾಗಲ್ವಾ?" ಎಂದು ಅವನು ಗಾಡಿ ನಿಲ್ಲಿಸಿದ.

"ಮಡಕೆ ಮುಚ್ಚೇ ಫಿಲೋಮೆನ್," ಎಂದಳು ತೆನೆಂಗ್. "ಒಡೆಯನ ಮೂಗು ಅನ್ನದ ವಾಸನೆ ಹಿಡ್ಕೊಂಡೇ ಬಂದಿದೆ."

"ಅನ್ನ ಕಂಡ್ರೆ ಹೆತ್ತವ್ವನ್ನೂ ಮರೆಯೋ ಜೋಲಾಗಳು ನನಗೆ ಹೇಳೋದಾ? ಸರಿ, ಬಡಿಸು. ಉಣ್ತಾ ಹೇಳ್ತೀನಿ."

ಸಿಂಪಿ ಹಾಕಿದ ಅನ್ನ ಉಣ್ಣುತ್ತ ಅವನು ಹೇಳಿದ. ಜೌಗು, ತೋಡು, ಕಾಂಡ್ಲಾ, ನೀರು ನಿಂತ ಇಂಥ ಜಾಗಗಳನ್ನು ಹಾಳಾಗಲು ಬಿಡುವುದಿಲ್ಲವೆಂದು ಎಷ್ಟೋ ದೇಶಗಳು ಸೇರಿ ಒಪ್ಪಂದ ಮಾಡಿಕೊಂಡಿವೆ. "ನಮ್ಮ ದೇಶಾನೂ ಸಹಿ ಹಾಕಿದೆ. ನಿಮ್ಮ ತೋಡುಗಳ ಹೆಸರು ಹೇಳೇ ಮಾತು ಕೊಟ್ಟಿದೆ."

"ನನ್ನ ತೋಡಿನ ಹೆಸರು ಹೇಳಿ ಮಾತು ಕೊಡೋಕೆ ಅವರ್ಯಾರು?" ಎಂದಳು ಫಿಲೋಮೆನ್. "ನನ್ನ ಗಂಡನ ಹೆಸರು ಹೇಳಿ ಮಾತು ಕೊಡ್ಲಿ, ನಾಳೇನೇ ಕಳಿಸಿಕೊಡ್ತೀನಿ."

ನಗು ಅಡಗುವವರೆಗೆ ಬಿರಾಮ್ ಕಾದ. "ಮೊದಲಿನ ಕಾಲವಾಗಿದ್ರೆ ಪೊಲೀಸ್ ನಿಲ್ಸಿ ನಿಮ್ಮನ್ನೇ ಓಡಿಸ್ತಿದ್ರು. ಈಗ ಸರ್ಕಾರದ ನೀತಿ ಬೇರೆ ಆಗಿದೆ. ನೀರನ್ನ ಅದರಿಂದಲೇ ಬದುಕೋರ ಕೈಗೆ ಕೊಡೋದು ಅಂತ. ನೀವು ವಹಿಸ್ಕೊಂಡ್ರೆ ಈ ತೋಡಿನ ಸಿಂಪಿ ನಿಮಗೆ ಮಾತ್ರ, ಹೊರಗಿನೋರು ಒಬ್ಬರೂ ಕಾಲಿಡೋ ಹಾಗಿಲ್ಲ. ಆದ್ರೆ ನೀವೂ ಮಾತು ಕೊಡಬೇಕು. ಬೇರು ಕಡಿಯೋ ಹಾಗಿಲ್ಲ. ಮೊದಲ ಮಳೆ ಬಿದ್ದಾಗಿಂದ ಧೂಳುಗಾಳಿ ನಿಲ್ಲೋವರೆಗೆ ತೋಡಿಗೆ ಇಳಿಯೋ ಹಾಗಿಲ್ಲ. ಒಂದು ವರ್ಷ ಹಾಗಿದ್ದು ತೋರ್ಸಿ. ಬಾಂಜುಲಿನಿಂದ ದೊಡ್ಡೋರು ಬರ್ತಾರೆ, ನಿಮ್ಮನ್ನ ಕೇಳ್ತಾರೆ, ಕಾಗದ ಆಗುತ್ತೆ."

"ಆಗದಿದ್ರೆ?"

"ಆಗದಿದ್ರೆ ತೋಡು ಎಲ್ಲರದ್ದೂ ಆಗುತ್ತೆ. ಮೋಟಾರು ದೋಣಿಯೋರು ಈಗಾಗ್ಲೇ ಪರವಾನಗಿ ಕೇಳಿದಾರೆ. ಅವರು ಬಂದ್ರೆ ಬೇರೂ ಉಳಿಯಲ್ಲ, ಬುಡಾನೂ ಉಳಿಯಲ್ಲ."

ಅವನು ಹೋದ ಮೇಲೆ ಚಿಪ್ಪಿನ ರಾಶಿಯ ಪಕ್ಕ ಜಗಳವೇ ನಡೆಯಿತು. ಅಷ್ಟು ತಿಂಗಳು ಹೊಟ್ಟೆಗೇನು? ಗದ್ದೆಯಿದೆ, ಏಡಿಯಿದೆ, ಹೊಗೆ ಹಾಕಿದ ಮೀನಿದೆ, ಸುಣ್ಣವಿದೆ ಎಂದರೆ, ಇದ್ದರೇನು, ಕಣ್ಣ ಮುಂದೆ ತೋಡಿರುವಾಗ ಕೈ ಸುಮ್ಮನಿರುತ್ತದೆಯೇ? ಒಬ್ಬಳು ಕದ್ದು ಇಳಿದರೆ ಮುಗಿಯಿತು, ಎಲ್ಲರೂ ಇಳಿಯುತ್ತಾರೆ.

ಪ್ರೀತಿಯ ವಸ್ತುವನ್ನು ನೋಡದೆ, ಮುಟ್ಟದೆ, ತನ್ನದೆನ್ನದೆ ಇರುವುದು ಹೇಗೆಂದು ಆ ಊರಿನಲ್ಲಿ ತೆನೆಂಗಳಿಗಿಂತ ಚೆನ್ನಾಗಿ ಬಲ್ಲವರಿರಲಿಲ್ಲ.

"ಈ ತೋಡು ಕೂಸು ಕಳ್ಕೊಂಡಿರೋ ತಾಯಿ," ಎಂದಳು ಕೊನೆಗೆ. "ಹಡೀತಾ ಇದೆ, ಒಂದೂ ಬೆಳೀತಿಲ್ಲ. ನಮ್ಮ ಕಣ್ಣೇ ತಗುಲಿರೋದು. ನನಗೆ ಏನು ಮಾಡಿದ್ರೋ ಇದಕ್ಕೂ ಅದನ್ನೇ ಮಾಡೋಣ."

ಮಳೆಗೆ ಮುಂಚಿನ ಕೊನೆಯ ಇಳಿತದ ಬೆಳಗ್ಗೆ ಕಾನ್ಯಲೆಂಗ್ ಹೆಂಗಸರೆಲ್ಲ ಸೋರೆಬುರುಡೆ ಕವುಚಿಕೊಂಡು ದೋಣಿ ಹತ್ತಿದರು. ಕಾಂಡ್ಲಾದ ಕೊಂಬೆಗಳಿಗೆ ಹರಕು ಲಂಗ, ಒಂಟಿ ಚಪ್ಪಲಿ, ತೂತು ಬಿದ್ದ ಬೋಗುಣಿ ಕಟ್ಟಿದರು. ಗಂಡಸರ ಸವೆದ ಒಳಚಡ್ಡಿ ಹಾರಾಡಿತು. ತೋಡಿಗೆ ಹೊಸ ಹೆಸರಿಟ್ಟರು: ಯಾರಿಗೂ ಬೇಡದವಳು.

"ಥೂ, ನಾತ!" ಎಂದು ಕೂಗಿದಳು ಫಿಲೋಮೆನ್.

"ಇದರ ಸಿಂಪಿ ನಾಯೀನೂ ಮೂಸಲ್ಲ!" ಎಂದಳು ಇನ್ನೊಬ್ಬಳು.

ತೆನೆಂಗ್ ಎದ್ದು ನಿಂತು, ದೋಣಿ ತೂಗಾಡುತ್ತಿದ್ದಂತೆ, ತೋಡಿಗೆ ಬೆನ್ನು ತಿರುಗಿಸಿ, "ಬೇಡ, ನಮಗೆ ಬೇಡ, ಯಾರು ಬೇಕಾದ್ರೂ ತಗೊಂಡು ಹೋಗ್ಲಿ!" ಎಂದಳು. ಯಾರೂ ನೋಡದ ಹಾಗೆ ಒಂದು ಬೇರನ್ನು ಬೆರಳ ತುದಿಯಿಂದ ಮುಟ್ಟಿದಳು. ಆಮೇಲೆ ಎಲ್ಲರೂ ದಡಕ್ಕೆ ಬಂದು, ತೋಡೆಂಬುದೇ ಇಲ್ಲದವರಂತೆ ಮನೆಗಳಿಗೆ ಹೋದರು.

ಮಳೆ ಬಂತು. ನಾಟಿ ಆಯಿತು. ಹಸಿದ ತಿಂಗಳುಗಳೂ ಬಂದವು. ಭತ್ತ ಇನ್ನೂ ಹಸಿರಾಗಿರುವಾಗ, ಹಳೆಯದು ಮುಗಿದಿರುವಾಗ, ಫಿಲೋಮೆನ್ ಒಂದು ಮಧ್ಯಾಹ್ನ ಕತ್ತಿ ಹಿಡಿದು ದಡಕ್ಕೆ ಇಳಿದದ್ದನ್ನು ತೆನೆಂಗ್ ಕಂಡಳು. ಕೂಗಲಿಲ್ಲ. ಹಿಂದೆಯೇ ಹೋಗಿ ನಿಂತಳು. ಫಿಲೋಮೆನ್ ನೀರಿಗೆ ಕಾಲಿಟ್ಟು, ಎದುರಿನ ಕೊಂಬೆಯನ್ನು ನೋಡಿ ನಿಂತುಬಿಟ್ಟಿದ್ದಳು.

"ಅದು ನನ್ನ ಗಂಡನ ಚಡ್ಡಿ ಅಲ್ವೇನೇ?" ಎಂದಳು ತಿರುಗದೆಯೇ.

"ನೀನೇ ಕಟ್ಟಿದ್ದು."

"ಹೋದ ತಿಂಗಳಿಂದ ಹುಡುಕ್ತಿದಾನೆ ಮುಂಡೇದು." ಅವಳ ಭುಜ ಕುಲುಕತೊಡಗಿತು. ನಗುವೋ ಅಳುವೋ, ಮೊದಲು ತಿಳಿಯಲಿಲ್ಲ. ಆಮೇಲೆ ಇಬ್ಬರೂ ಕೆಸರಿನಲ್ಲೇ ಕೂತು ನಕ್ಕರು. ತೆನೆಂಗ್ ಅವಳನ್ನು ಮನೆಗೆ ಕರೆತಂದು ಒಣಮೀನು ಹಾಕಿದ ಗಂಜಿ ಕೊಟ್ಟಳು. ಆ ಮಳೆಗಾಲವಿಡೀ ಇದ್ದವಳು ಇಲ್ಲದವಳಿಗೆ ಬಡಿಸಿದಳು. ತೆನೆಂಗಳಿಗೂ ಬಡಿಸಿದವರಿದ್ದರು, ಅವರ ಮುಖಗಳನ್ನು ಅವಳು ಒಂದೊಂದಾಗಿ ನೆನಪಿನಲ್ಲಿ ಇಟ್ಟುಕೊಂಡಳು.

ಧೂಳುಗಾಳಿ ಬೀಸುವ ದಿನಗಳಲ್ಲಿ ಗದ್ದೆಯ ಬದುವಿನಿಂದ ನೋಡಿದರೆ ಕಾಂಡ್ಲಾದ ಬೇರುಗಳು ಬೂದು ಬಣ್ಣಕ್ಕೆ ತಿರುಗಿದ್ದು ಕಾಣುತ್ತಿತ್ತು. ಮರಿ ಸಿಂಪಿ, ಒಂದರ ಮೇಲೊಂದು. ಕಡಿದ ಬುಡಗಳಲ್ಲಿ ಕಾಂಡ್ಲಾ ಸಸಿಗಳು ಮೊಳೆತು ನಿಂತಿದ್ದವು. ಹೆಂಗಸರು ನೋಡಿ ಬಂದು ಒಬ್ಬರಿಗೊಬ್ಬರು ಹೇಳಿಕೊಳ್ಳುತ್ತಿದ್ದರು:

"ಅಯ್ಯೋ, ಎಂಥಾ ಅಸಹ್ಯ ಕಣೇ."

"ಹೌದಾ? ತುಂಬಾ ಅಸಹ್ಯವಾ?"

"ತುಂಬಾನೇ. ಕಣ್ಣಲ್ಲಿ ನೋಡೋಕಾಗಲ್ಲ."

ಹೇಳುವವಳ ಕಣ್ಣೂ ಕೇಳುವವಳ ಕಣ್ಣೂ ತುಂಬಿರುತ್ತಿದ್ದವು.

ಗಾಳಿ ನಿಲ್ಲುವ ಹೊತ್ತಿಗೆ ರಾಜಧಾನಿ ಬಾಂಜುಲಿನಿಂದ ಜೀಪು ಬಂತು. ಇಲಾಖೆಯ ನಿರ್ದೇಶಕಿ ರೆಜಿನಾ ಕ್ಯಾರಲ್, ಒಪ್ಪಂದದ ಕಚೇರಿಯಿಂದ ಬಂದಿದ್ದ ಒಬ್ಬ ಹೊರದೇಶದ ಅತಿಥಿ, ಜೊತೆಗೆ ಬಿರಾಮ್. ರೆಜಿನಾ ಪಟ್ಟಣದಲ್ಲಿ ಹುಟ್ಟಿ ಬೆಳೆದ ಆಕು ಜನದವಳು. ಹಳ್ಳಿಯ ಮಾತು ಅವಳಿಗೆ ಬಾರದು, ಬಿರಾಮ್ ಎರಡೂ ಕಡೆಗೆ ತಿರುಗಿಸಿ ಹೇಳಬೇಕು. ಮೊದಲು ದೋಣಿಯಲ್ಲಿ ತೋಡು ನೋಡಿ ಬಂದರು. ಅತಿಥಿ ಸಿಂಪಿಯ ಚಿತ್ರ ತೆಗೆದ, ಸಸಿಗಳ ಚಿತ್ರ ತೆಗೆದ, ಚಪ್ಪಲಿ ಬೋಗುಣಿಗಳ ಚಿತ್ರವನ್ನೂ ತೆಗೆದು ಏನೋ ಕೇಳಿದ. ರೆಜಿನಾ ಮುಖ ಗಂಟಿಕ್ಕಿದಳು.

"ಕಾಪಾಡಬೇಕಾದ ಜಾಗದಲ್ಲಿ ಕಸ ಯಾಕಿದೆ ಬಿರಾಮ್?"

"ಕಸ ಅಲ್ಲ ಮೇಡಂ, ಉಡುಗೆ," ಎಂದ ಬಿರಾಮ್. ಮುಂದೆ ಹೇಗೆ ಹೇಳುವುದೆಂದು ತೋಚದೆ ತಲೆ ಕೆರೆದುಕೊಂಡ.

ದಡದಲ್ಲಿ ಚಾಪೆ ಹಾಸಿದ್ದರು. ಹೆಂಗಸರೆಲ್ಲ ತೋಡಿಗೆ ಎದುರಾಗಿ ಕೂತಿದ್ದರು. ಉಬ್ಬರ ಏರುತ್ತಿತ್ತು, ನೀರು ಚಾಪೆಯ ಅಂಚಿಗೆ ಬಂದು ನಾಲಿಗೆ ಚಾಚಿ ಹೋಗುತ್ತಿತ್ತು. ರೆಜಿನಾ ಎದ್ದು ನಿಂತು, ಅವರು ಒಂದು ವರ್ಷ ಮಾತು ಉಳಿಸಿಕೊಂಡದ್ದನ್ನು ಮೆಚ್ಚಿ ಎರಡು ಮಾತಾಡಿದಳು. ಆಮೇಲೆ, "ಕಾಗದ ಆಗೋ ಮೊದಲು ಒಂದು ಪ್ರಶ್ನೆ. ಎಲ್ಲರೂ ಬಾಯಿಬಿಟ್ಟು ಹೇಳಬೇಕು. ಈ ತೋಡು ನಿಮಗೆ ಬೇಕಾ?" ಎಂದಳು.

ಬಿರಾಮನ ಮುಖ ಸಪ್ಪಗಾಯಿತು. "ಮೇಡಂ, ಆ ಪ್ರಶ್ನೆ ಇಲ್ಲಿ ಬೇಡ. ಹೀಗೆ ಕೇಳೋದೂ ಬೇಡ."

"ಇಲ್ಲೇ, ಎಲ್ಲರ ಎದುರಿಗೇ ಕೇಳ್ಬೇಕು. ನಿಯಮ ಇರೋದೇ ಹಾಗೆ."

ಅವನು ಹೆಂಗಸರ ಕಡೆ ತಿರುಗಿದ. ಅವರ ಭಾಷೆಯಲ್ಲಿ ಹೇಳಿದ. ತೋಡು ಎದುರಿಗೇ ಇತ್ತು, ಪಿಸುಗುಟ್ಟುತ್ತ, ಕಿವಿಗೊಟ್ಟು.

"ಬೇಡ!" ಎಂದರು ಹೆಂಗಸರೆಲ್ಲ ಒಂದೇ ಕಂಠದಿಂದ.

"ಯಾರಿಗೆ ಬೇಕು ಈ ಕೊಳಕು!" ಎಂದಳು ಫಿಲೋಮೆನ್.

"ಬೇಡ," ಎಂದಳು ತೆನೆಂಗ್ ಕೂಡ. ಮೂರು ಮಕ್ಕಳನ್ನು ಹೂಳಿದ ಬಾಯಿ ಅದು. ಬೇರೆ ಮಾತು ಅದಕ್ಕೆ ಬರಲಿಲ್ಲ.

ಬಿರಾಮ್ ತಿರುಗಿಸಿ ಹೇಳಬೇಕಾಗಲಿಲ್ಲ. ಆ ಕೂಗು ಯಾವ ಭಾಷೆಯಲ್ಲಾದರೂ ಅರ್ಥವಾಗುವಂಥದು.

"ಮೇಡಂ, ಇವರು ಬೇಡ ಅಂದ್ರೆ ಬೇಕು ಅಂತ," ಎಂದ ಅವನು ಅವಸರದಿಂದ. "ಇವರ ಪದ್ಧತಿ ಅದು. ಪ್ರೀತಿಯ ವಸ್ತುವಿನ ಎದುರಿಗೆ ಹಾಗೇ ಹೇಳೋದು."

ರೆಜಿನಾ ಅವನನ್ನು ದೀರ್ಘವಾಗಿ ನೋಡಿದಳು. "ಬಿರಾಮ್, ಹೆಂಗಸರು ಬೇಡ ಅಂದಿದ್ದನ್ನ ಬೇಕು ಅಂತ ಬರ್ಕೊಂಡ ಅಧಿಕಾರಿಗಳು ಬೇಕಾದಷ್ಟು ಜನ ಆಗಿಹೋಗಿದಾರೆ. ನಾನು ಇನ್ನೊಬ್ಬಳಾಗಲ್ಲ. ನೀನು ಹೇಳೋದು ನಿಜ ಇರಬಹುದು. ಆದ್ರೆ ಅವರ ಬಾಯಿಂದ ಬರದೆ ನಾನು ಸಹಿ ಹಾಕಲ್ಲ."

ಅವಳ ದನಿಯಲ್ಲಿ ಸಿಟ್ಟಿರಲಿಲ್ಲ. ಅದೇ ಭಯದ ಸಂಗತಿ. ಸಿಟ್ಟಾದವರನ್ನು ಒಲಿಸಬಹುದು. ಅವಳು ಜೀಪಿನ ಕಡೆ ನಡೆದಳು.

"ಹೇಳ್ರೇ!" ಎಂದು ಬಿರಾಮ್ ಹೆಂಗಸರ ಮೇಲೆ ಹಾರಿಬಿದ್ದ. "ಹೊಟ್ಟೆಬಾಕ ಜೋಲಾಗಳಾ, ಅನ್ನ ಕೇಳೋಕೆ ಬರೋ ಬಾಯಿ ಇದಕ್ಯಾಕೆ ಬರಲ್ಲ? ಒಂದು ಸಲ ಬೇಕು ಅನ್ರೇ. ನಾಳೆ ಬೆಳಗ್ಗೆ ಮೋಟಾರು ದೋಣಿ ಬರುತ್ತೆ, ಆಮೇಲೆ ಎದೆ ಬಡ್ಕೊಂಡ್ರೆ ನಾನಿಲ್ಲ!"

ಯಾರೂ ನಗಲಿಲ್ಲ. ಎಲ್ಲರೂ ತೆನೆಂಗಳನ್ನು ನೋಡಿದರು.

ತೆನೆಂಗ್ ಎದ್ದಳು. ಬೇಕು ಎಂದರೆ ಕೇಳಿಸಿಕೊಳ್ಳುವ ಕಿವಿಗಳು ಯಾವುವೆಂದು ಅವಳಿಗೆ ಗೊತ್ತಿತ್ತು. ಒಂದು ವರ್ಷ ಹಸಿದು, ಬೆನ್ನು ತಿರುಗಿಸಿ, ಹೀಯಾಳಿಸಿ ಉಳಿಸಿದ್ದನ್ನು ಒಂದೇ ಮಾತಿನಿಂದ ಸಾವಿನ ಕೈಗೆ ಕೊಟ್ಟಂತಾಗುತ್ತದೆ. ಹೇಳದಿದ್ದರೆ ಮನುಷ್ಯರೇ ಬಂದು ಒಯ್ಯುತ್ತಾರೆ. ಜೀಪಿನ ಬಾಗಿಲು ತೆರೆದಿತ್ತು. ಅವಳು ಓಡಿದಳು. ಎಷ್ಟೋ ವರ್ಷಗಳಿಂದ ಓಡಿರಲಿಲ್ಲ.

"ಅಮ್ಮಾ, ನಿಲ್ಲಿ," ಎಂದಳು. ಬಿರಾಮ್ ಏದುಸಿರು ಬಿಡುತ್ತ ಹಿಂದೆಯೇ ಬಂದು ನಿಂತು ಅವಳ ಮಾತನ್ನು ತಿರುಗಿಸಿ ಹೇಳತೊಡಗಿದ. "ನಿಮಗೆ ಮಕ್ಕಳಿದಾರಾ?"

"ಒಬ್ಬ ಮಗ."

"ದೇವರು ಅವನನ್ನ ಕೆಟ್ಟ ಕಣ್ಣಿಂದ ಮರೆಸಿಡ್ಲಿ. ನನಗೂ ಒಬ್ಬಳಿದಾಳೆ. ಅವಳು ನನ್ನೋಳು ಅಂತ ನಾನು ಇವತ್ತಿಗೂ ಹೇಳಿಲ್ಲ. ಫಿಲೋಮೆನ್‌ಗೆ ತಿಪ್ಪೇಲಿ ಸಿಕ್ಕಿದ್ದು ಅಂತೀವಿ. ನಾನು ಬರೀ ಹಾಲು ಕೊಟ್ಟೆ, ಎತ್ತಿಕೊಂಡೆ. ಹೆಸರು ಯಾರದೋ, ಭಾರ ನಂದು. ಅದಕ್ಕೇ ಬದುಕಿದಾಳೆ."

ಬಿರಾಮ್ ಇದನ್ನು ತಿರುಗಿಸಿ ಹೇಳುವಾಗ ಅವನ ದನಿ ಎರಡು ಸಲ ಮುರಿಯಿತು. ರೆಜಿನಾ ಬಾಗಿಲಿನ ಮೇಲೆ ಇಟ್ಟ ಕೈಯನ್ನು ತೆಗೆದಳು.

"ತೋಡು ನಮ್ಮದು ಅಂತ ನಮ್ಮ ಕೈಲಿ ಹೇಳಿಸಬೇಡಿ," ಎಂದಳು ತೆನೆಂಗ್. "ನಿಮ್ಮದು ಅಂತ ಬರೀರಿ. ಆ ಮಾತು ಕೊಟ್ಟ ದೇಶಗಳಿದಾವಲ್ಲ, ಅವರೆಲ್ಲರದ್ದು ಅಂತ ಬರೀರಿ. ಎಷ್ಟು ದೂರದೋರ ಹೆಸರಲ್ಲಿದ್ರೆ ಅಷ್ಟು ಒಳ್ಳೇದು. ಹೆಸರು ನಿಮ್ಮದೇ ಇರಲಿ, ಕೂಸು ನಮ್ಮ ಸೊಂಟದ ಮೇಲಿರಲಿ. ಬೇಕಾ ಅಂತ ಕೇಳಬೇಡಿ. ಹೊರ್ತೀರಾ ಅಂತ ಕೇಳಿ."

ರೆಜಿನಾಳ ಪಕ್ಕದಲ್ಲಿದ್ದ ಅತಿಥಿ ಏನೆಂದು ಕೇಳಿದಾಗ, ತಗ್ಗಿದ ದನಿಯಲ್ಲಿ ಅವಳೇ ಅವನಿಗೆ ವಿವರಿಸಿದಳು. ಹೇಳುತ್ತ ಹೇಳುತ್ತ ಅವಳ ಹುಬ್ಬು ಸಡಿಲವಾಯಿತು. ಆಮೇಲೆ ಬಿರಾಮನಿಗೆ ಹೇಳಿದಳು: "ವಿಚಿತ್ರ ನೋಡು. ಕಾನೂನಲ್ಲಿ ಇರೋದೂ ಅದೇ ತಾನೇ. ನೀರು ದೇಶದ್ದು, ಮಾತು ಲೋಕದ್ದು. ಇವರಿಗೆ ಕೊಡೋದು ಕಾವಲು, ಬಳಕೆ. ಬೇಕಾ ಅಂತ ಕೇಳಿದ್ದು ನಾನು."

ಅವಳು ಚಪ್ಪಲಿ ಕಳಚಿ ಕೈಯಲ್ಲಿ ಹಿಡಿದು ಮತ್ತೆ ದಡಕ್ಕೆ ಬಂದಳು. ಚಾಪೆಗೆ ನೀರು ಹತ್ತಿತ್ತು. ಹೆಂಗಸರು ನೀರಿನಲ್ಲೇ ಕೂತಿದ್ದರು.

"ಈ ತೋ‌ಡು ನಿಮ್ಮದಲ್ಲ," ಎಂದಳು ಗಟ್ಟಿಯಾಗಿ, ಎಲ್ಲರಿಗೂ, ತೋಡಿಗೂ ಕೇಳುವಂತೆ. "ಇದು ಸರ್ಕಾರದ್ದು. ಎಷ್ಟೋ ದೇಶಗಳು ಮಾತು ಕೊಟ್ಟಿರೋ ತೋಡು. ನೀವು ಇದನ್ನ ಹೊರ್ತೀರಾ?"

ಬಿರಾಮ್ ಅದನ್ನು ಅಷ್ಟೇ ಗಟ್ಟಿಯಾಗಿ ಹೆಂಗಸರ ಭಾಷೆಯಲ್ಲಿ ಹೇಳಿದ.

"ಹೊರ್ತೀವಿ!" ಎಂದಳು ತೆನೆಂಗ್.

"ಹೊರ್ತೀವಿ! ಹೊರ್ತೀವಿ!" ಎಂದರು ಎಲ್ಲರೂ, ಒಬ್ಬರ ಮೇಲೊಬ್ಬರು ಕೂಗಿ. "ಬೇರೆ ಗತಿ ಏನಿದೆ!" ಎಂದು ಫಿಲೋಮೆನ್ ಸೇರಿಸಿದಳು, ಕಣ್ಣೊರೆಸಿಕೊಳ್ಳುತ್ತ. "ಎಲ್ಲಾ ಹಾಳುಮೂಳು ನಮ್ಮ ತಲೆಗೇ ಕಟ್ತಾರೆ ಈ ಸರ್ಕಾರದೋರು!" ಸೋರೆಬುರುಡೆ ಬಡಿಯತೊಡಗಿದರು. ಬಿರಾಮನ ತಲೆಗೂ ಒಂದು ಕವುಚಿದರು. ತೊತ್ತುಗಳು ಒಡೆಯನನ್ನು ಕುಣಿಸಿದರು. ನಿರ್ದೇಶಕಿಯೂ ಕೆಸರಿನಲ್ಲಿ ಎರಡು ಹೆಜ್ಜೆ ಹಾಕಿದಳು, ಮೂರನೆಯದಕ್ಕೆ ಜಾರಿ ಕೂತಳು.

ಕಾಗದ ಬಂದದ್ದು ಕೆಲವು ವಾರಗಳ ಬಳಿಕ. ಅದರಲ್ಲಿ ತೋಡಿನ ಒಡೆಯ ದೇಶವೆಂದೂ ಬಾಫುಲೊದ ಸಿಂಪಿ ಹೆಂಗಸರು ಅದರ ಪಾಲಕರೆಂದೂ ಇತ್ತು. ನ್ಯಾಮೊ ಅದನ್ನು ಓದಿ ಹೇಳಿದಳು. ಮೋಟಾರು ದೋಣಿಗಳು ತೋಡಿನ ಬಾಯಿಯವರೆಗೆ ಬಂದು, ಬಿರಾಮ್ ನೆಟ್ಟಿದ್ದ ಕಂಬ ನೋಡಿ ತಿರುಗಿದವು.

ತೋಡು ತೆರೆಯುವ ದಿನ ತೆನೆಂಗ್ ಬಿರಾಮನನ್ನು ಕೇಳಿದಳು: "ಆ ಒಪ್ಪಂದ ಅಂತೀಯಲ್ಲ, ಅದನ್ನ ಮೊದಲು ಬರೆದೋರು ಯಾರು?"

"ಇರಾನ್ ದೇಶದಲ್ಲಂತೆ. ಒಂದು ಸಮುದ್ರದ ದಂಡೆ ಊರಲ್ಲಿ. ನೀನು ಅಂಬೆಗಾಲಿಡ್ತಿದ್ದ ಕಾಲ."

"ಹೆಸರು?"

"ತುಂಬ ಜನ ಇದ್ರು. ನನಗೆಲ್ಲಿ ಗೊತ್ತು."

"ಬದುಕಿದಾರಾ?"

"ಎಷ್ಟೋ ಜನ ಹೋಗಿರ್ತಾರೆ."

ಎಲ್ಲೋ ಒಂದು ಊರಿನಲ್ಲಿ ಯಾರೋ ಕೂತು, ತಾವು ಎಂದೂ ಕಾಣದ ನೀರಿಗಾಗಿ, ಹುಟ್ಟಿಯೂ ಹುಟ್ಟದಂತಿದ್ದ ಅವಳಂಥ ಹೆಂಗಸಿಗಾಗಿ ಬರೆದಿದ್ದರು. ಅವರಿಗೆ ಬಾಫುಲೊ ಎಂಬ ಹೆಸರೂ ಗೊತ್ತಿರಲಿಲ್ಲ. ಅವರ ಮನೆಯವರಿಗೂ ಗೊತ್ತಿರಲಿಕ್ಕಿಲ್ಲ, ಅವರು ಮಾಡಿದ್ದು ಇಷ್ಟು ದೂರ ಬಂದು ಮುಟ್ಟಿತೆಂದು. ತೆನೆಂಗ್ ಮನೆಗೆ ಹೋಗಿ ಅಕ್ಕಿಹಿಟ್ಟು, ಸಕ್ಕರೆ ಕಲಸಿ ಉಂಡೆ ಕಟ್ಟಿದಳು. ಸತ್ತವರ ಹೆಸರಿನಲ್ಲಿ ಹಂಚುವ ಉಂಡೆ. ಬೋಗುಣಿ ತುಂಬಿಸಿಕೊಂಡು ಮಸೀದಿಯ ಅಂಗಳಕ್ಕೆ ಬಂದಾಗ ಇಮಾಮರು ಕೇಳಿದರು:

"ಯಾರ ಹೆಸರಲ್ಲಮ್ಮ ದಾನ?"

"ಹೆಸರು ಗೊತ್ತಿಲ್ಲ ಉಸ್ತಾದ್. ದೂರದೋರು. ಒಂದು ಸಮುದ್ರದ ದಂಡೆಯೋರು. ನನಗೆ ತುಂಬಾ ಒಳ್ಳೇದು ಮಾಡಿದಾರೆ."

ಅಂಗಳದಲ್ಲಿದ್ದವರು ತಲೆಯೆತ್ತಿ ಅವಳನ್ನು ನೋಡಿದರು. ಅಂಥ ಮಾತನ್ನು ಅವಳ ಬಾಯಿಂದ ಯಾರೂ ಕೇಳಿರಲಿಲ್ಲ.

"ಅಲ್ಲಾಹನಿಗೆ ಗೊತ್ತಿರುತ್ತೆ," ಎಂದು ಇಮಾಮರು ಅಂಗೈ ತೆರೆದರು. ಎಲ್ಲರೂ ತೆರೆದರು. ಬೇಲಿಯ ಆಚೆ ನಿಂತಿದ್ದ ಫಿಲೋಮೆನ್ ತನ್ನ ಪದ್ಧತಿಯಂತೆ ಎದೆಯ ಮೇಲೆ ಶಿಲುಬೆ ಗುರುತು ಮಾಡಿಕೊಂಡಳು. ಮಕ್ಕಳು ಉಂಡೆಗೆ ಮುತ್ತಿದರು.

ದಡದಿಂದ ಯಾರೋ ಕೂಗಿದರು. ನೀರು ಇಳಿಯತೊಡಗಿತ್ತು. ತೆನೆಂಗ್ ಲಂಗ ಎತ್ತಿ ಕಟ್ಟಿ, ಸಿಂಪಿ ಬಿಡಿಸುವ ಚಿಕ್ಕ ಕಬ್ಬಿಣವನ್ನು ಸೊಂಟಕ್ಕೆ ಸಿಕ್ಕಿಸಿ, ಉಳಿದವರ ಜೊತೆ ದೋಣಿಯನ್ನು ಕೆಸರಿನ ಮೇಲೆ ನೂಕಿದಳು.